ಪದಚರ್ಚೆ: ‘ಬಾಂಟು ಜನಾಂಗದ ವಲಸೆ’ ಎನ್ನಬಹುದೇ? ವಲಸೆ, ಗುಳೆ, ಹಬ್ಬುಗೆ, ವಸಾಹತು, ಹಟ್ಟಿ

ಎಲ್ಲರಿಗೂ ನಮಸ್ಕಾರ.

ಆಫ್ರಿಕಾದ ಹಳೆಯ ಇತಿಹಾಸದ ಬಗ್ಗೆ ಪ್ರೌಢಶಾಲೆಯ ಮೇಷ್ಟರುಗಳಿಗೆಂದು ತಯಾರಾಗುತ್ತಿರುವ ಕೈಪಿಡಿಯೊಂದರ ಕರಡು ತಿದ್ದುಪಡಿಗೆ ನನ್ನ ಹತ್ತಿರ ಬಂದಿದೆ. ಮೊದಲ ಪುಟದಲ್ಲೇ ಈ ವಾಕ್ಯ: “ಬಾಂಟು ಜನಾಂಗವು ಸುಮಾರು ನಾಲ್ಕು ಸಾವಿರ ವರ್ಷಗಳ ಹಿಂದೆ ಕ್ಯಾಮರೂನಿನಿಂದ ದಕ್ಷಿಣಕ್ಕೆ ವಲಸೆ ಹೊರಟು, ಕಬ್ಬಿಣದ ಆಯುಧಗಳ ಬಲದಿಂದ ದಾರಿಯುದ್ದಕ್ಕೂ ವಸಾಹತುಗಳನ್ನು ಸ್ಥಾಪಿಸಿತು.” ವ್ಯಾಕರಣದಲ್ಲಿ ಕುಂದಿಲ್ಲ. ಬಾಂಟು, ಜನಾಂಗ, ವಲಸೆ, ವಸಾಹತು ಎಂಬ ನಾಲ್ಕು ಪದಗಳು ಮಾತ್ರ ನನಗೆ ಒಗ್ಗುತ್ತಿಲ್ಲ. ನನ್ನ ತಕರಾರನ್ನೂ ನನಗೆ ತೋಚಿದ ಬದಲಿಗಳನ್ನೂ ಇಲ್ಲಿಡುತ್ತೇನೆ. ತಿಳಿದವರು ತಿದ್ದಿ, ಸೇರಿಸಿ.

ಮೊದಲು ‘ಬಾಂಟು’. ಕನ್ನಡದಲ್ಲಿ ಬಂಟು, ಬಾಂಟು, ಬಂಟೂ ಎಂದು ಮೂರೂ ಬಗೆಯ ಬರವಣಿಗೆ ಕಂಡಿದ್ದೇನೆ. ‘ಬಂಟು’ ಎಂದರೆ ಕರಾವಳಿಯ ಓದುಗರಿಗೆ ತಮ್ಮ ಬಂಟರೇ ನೆನಪಾಗುತ್ತಾರೆ. ಆ ನುಡಿಗಳ ‘ಟ’ ನಮ್ಮ ಟಕಾರದಷ್ಟು ನಾಲಿಗೆ ಮಡಚಿ ಹೇಳುವುದಲ್ಲ, ಆದ್ದರಿಂದ ತಕಾರವೇ ಹತ್ತಿರ ಎಂದು ಹಟ ಹಿಡಿದರೆ ಅದು ‘ಬಂತು’ ಆಗಿ, ವಲಸೆಯ ಪಾಠದಲ್ಲಿ ಯಾರು ಬಂದರು ಎಂದು ಮಕ್ಕಳು ಕೇಳಿಯಾರು! ಜುಲು, ಸ್ವಾಹಿಲಿಯಂಥ ನುಡಿಗಳಲ್ಲಿ ಕೊನೆಯಿಂದ ಎರಡನೆಯ ಉಲಿಕಟ್ಟನ್ನು (ಒಂದೇ ಉಸಿರಿಗೆ ಉಲಿಯುವ ಪದದ ತುಣುಕನ್ನು) ಎಳೆದು ಹೇಳುವ ರೂಢಿ ಇರುವುದರಿಂದ ದೀರ್ಘವಿರುವ ‘ಬಾಂಟು’ವೇ ಇರಲಿ ಅನ್ನುವುದು ನನ್ನ ಅಭಿಪ್ರಾಯ.

ಆ ಪದದ ಒಳಗೇ ಬಹುವಚನವಿದೆ ಎಂಬುದನ್ನೂ ಗಮನಿಸಬೇಕು. ‘ನ್ಟು’ ಎಂದರೆ ಮನುಷ್ಯ, ‘ಬಾ’ ಎಂಬುದು ಬಹುವಚನದ ಮುಂಪ್ರತ್ಯಯ. ಜುಲು ನುಡಿಯಲ್ಲಿ ಒಬ್ಬನಾದರೆ ಉಮುಂಟು, ಹಲವರಾದರೆ ಅಬಾಂಟು. ಸ್ವಾಹಿಲಿಯಲ್ಲಿ ಮ್ಟು, ವಾಟು. ಶೋನಾದಲ್ಲಿ ಮುನ್ಹು, ವನ್ಹು. ನಾವು ಪದದ ಹಿಂದೆ ಹಚ್ಚುವ ‘ರು’, ‘ಗಳು’ಗಳನ್ನು ಅವರು ಮುಂದೆ ಹಚ್ಚುತ್ತಾರೆ. ಹಾಗಾಗಿ ‘ಬಾಂಟುಗಳು’ ಎಂದು ಬರೆದರೆ ‘ಫ್ಯಾನ್ಸ್‌ಗಳು’ ಎಂದಂತೆಯೇ ಆಯಿತು. ‘ಬಾಂಟು ಜನ’ ಎಂದರೂ ‘ಜನ ಜನ’ ಎಂದೇ ಅರ್ಥ, ಆದರೆ ಅದು ನಮಗೆ ರೂಢಿಯಾಗಿಬಿಟ್ಟಿದೆ, ಇರಲಿ.

‘ಜನಾಂಗ’ವನ್ನು ಮಾತ್ರ ಹಾಗೆ ಬಿಡಲಾಗದು. ‘ಬಾಂಟು’ ಎಂಬುದು ಒಂದು ನುಡಿಕುಟುಂಬಕ್ಕೆ ವಿದ್ವಾಂಸರು ಇಟ್ಟ ಹೆಸರು. ಕೇಪ್ ಟೌನಿನಲ್ಲಿದ್ದ ಜರ್ಮನ್ ಪಂಡಿತ ವಿಲ್ಹೆಲ್ಮ್ ಬ್ಲೀಕ್ 1862ರಲ್ಲಿ ಹೊರತಂದ ತುಲನಾತ್ಮಕ ವ್ಯಾಕರಣದಿಂದ ಅದು ನೆಲೆಗೊಂಡಿತು. ಅದಕ್ಕೆ ಆರು ವರ್ಷ ಮುಂಚೆ, 1856ರಲ್ಲಿ, ಕಾಲ್ಡ್‌ವೆಲ್ ‘ದ್ರಾವಿಡ’ ಎಂಬ ಹೆಸರನ್ನು ನಮ್ಮ ನುಡಿಗಳ ಕುಟುಂಬಕ್ಕೆ ಇಟ್ಟಿದ್ದರು. ಎರಡೂ ಕಡೆ ನಡೆದದ್ದು ಒಂದೇ: ನುಡಿಗೆ ಇಟ್ಟ ಹೆಸರು ಸ್ವಲ್ಪ ದಿನಕ್ಕೇ ರಕ್ತದ ಹೆಸರಾಯಿತು, ಆಮೇಲೆ ರಾಜಕೀಯದ ಹೆಸರಾಯಿತು. ಇಂದು ಸುಮಾರು ಐನೂರು ಬಾಂಟು ನುಡಿಗಳಿವೆ, ಆಡುವವರು ಮೂವತ್ತು ಕೋಟಿಗೂ ಹೆಚ್ಚು. ಅವರಲ್ಲಿ ಕೀನ್ಯಾದ ಬೆಟ್ಟದ ಬೇಸಾಯಗಾರರಿದ್ದಾರೆ, ದನ ಸಾಕುವವರಿದ್ದಾರೆ, ಕಾಂಗೋ ಕಣಿವೆಯ ಕಾಡಿನಲ್ಲಿ ಬೇಟೆಯಾಡಿ ಬದುಕಿದ ಆಕಾ ಜನರೂ ಇದ್ದಾರೆ. ಆಕಾಗಳ ಹಾಗೆಯೇ ಬಾಳುವ ಬಾಕಾ ಜನರ ನುಡಿಯಾದರೋ ಬೇರೆಯೇ ಕುಟುಂಬದ್ದು. ಇದರಲ್ಲಿ ‘ಜನಾಂಗ’ ಎಲ್ಲಿಂದ ಬಂತು?

ದಕ್ಷಿಣ ಆಫ್ರಿಕಾದಲ್ಲಿ ಈ ಪದಕ್ಕೆ ಇನ್ನೂ ಒಂದು ಕಹಿ ಅಂಟಿದೆ. ವರ್ಣಭೇದದ ಸರ್ಕಾರ ಕಪ್ಪು ಜನರಿಗೆಲ್ಲ ಇಟ್ಟ ಸರ್ಕಾರಿ ಹೆಸರೇ ‘ಬಾಂಟು’. ಕಪ್ಪು ಮಕ್ಕಳಿಗೆ ಬೇಕೆಂದೇ ಕೀಳು ದರ್ಜೆಯ ಶಾಲೆ ಕೊಟ್ಟ 1953ರ ಕಾಯಿದೆಯ ಹೆಸರು ‘ಬಾಂಟು ಶಿಕ್ಷಣ ಕಾಯಿದೆ’. ಅಲ್ಲಿಯವರನ್ನು ಎದುರಿಗೆ ನಿಂತು ‘ಬಾಂಟು’ ಎಂದು ಕರೆದರೆ ಇಂದಿಗೂ ಬೈದಂತೆ. ಆದ್ದರಿಂದ ಕೈಪಿಡಿಯಲ್ಲಿ ‘ಬಾಂಟು ನುಡಿಗಳು’, ‘ಬಾಂಟು ನುಡಿಯವರು’ ಎಂದಷ್ಟೇ ಇರಲಿ. ‘ಬುಡಕಟ್ಟು’ ಎಂದು ತಿದ್ದೋಣ ಅನ್ನುವವರಿಗೆ ನನ್ನ ಒಪ್ಪಿಗೆಯಿಲ್ಲ. ಮೂವತ್ತು ಕೋಟಿ ಜನರ ಬುಡಕಟ್ಟು ಎಲ್ಲಾದರೂ ಉಂಟೇ?

ಇನ್ನು ‘ವಲಸೆ’. ನನ್ನ ಅಸಲು ಪ್ರಶ್ನೆ ಇದೇ.

ಹಳೆಯ ಬಳಕೆಯಲ್ಲಿ ವಲಸೆ ಎಂದರೆ ದಂಡು ಬಂತೆಂಬ ಭಯಕ್ಕೆ ಊರು ಬಿಟ್ಟು ಇನ್ನೊಂದು ಸೀಮೆಗೆ ಹೋಗುವುದು. ಈಗ ಅರ್ಥ ಅಗಲವಾಗಿ ವಲಸೆ ಹಕ್ಕಿ, ವಲಸೆ ಕಾರ್ಮಿಕ, ವಲಸೆ ನೀತಿ ಎಲ್ಲವೂ ಅದರಡಿ ಬರುತ್ತವೆ. ರಾಯಚೂರು, ಕಲಬುರಗಿ ಕಡೆಯ ‘ಗುಳೆ’ ಬೇರೆ: ಮಳೆ ಕೈಕೊಟ್ಟಾಗ ಸಂಸಾರ ಸಮೇತ ದುಡಿಯಲು ಹೋಗಿ, ಮತ್ತೆ ಊರಿಗೆ ಮರಳುವುದು ಅದರ ಲಕ್ಷಣ. ಎರಡರಲ್ಲೂ ಒಂದು ಸಮಾನ ಅಂಶ ಇದೆ. ಹೊರಡುವವರಿಗೆ ತಾವು ಹೊರಟಿದ್ದೇವೆ ಎಂಬುದು ಗೊತ್ತಿರುತ್ತದೆ. ಬಿಟ್ಟ ಊರು, ಸೇರುವ ಊರು ಎರಡೂ ಅವರ ಕಣ್ಣ ಮುಂದಿರುತ್ತವೆ.

ಬಾಂಟು ನುಡಿಗಳ ಕಥೆ ಅಂಥದಲ್ಲ. ಅದರ ತವರು ನೈಜೀರಿಯಾ–ಕ್ಯಾಮರೂನ್ ಗಡಿಯ ಹುಲ್ಲುಗಾವಲಿನ ಎತ್ತರದ ನಾಡು. ಅಮೆರಿಕದ ನುಡಿಪಂಡಿತ ಜೋಸೆಫ್ ಗ್ರೀನ್‌ಬರ್ಗ್ ಹೀಗೆ ವಾದಿಸಿದಾಗ ಲಂಡನ್ನಿನ ನುಡಿಪಂಡಿತ ಮ್ಯಾಲ್ಕಮ್ ಗಥ್ರಿ ಒಪ್ಪಲಿಲ್ಲ. ಎಲ್ಲ ಬಾಂಟು ನುಡಿಗಳಿಗೂ ಸಾಮಾನ್ಯವಾದ ಪದಗಳು ಹೆಚ್ಚು ಉಳಿದಿರುವುದು ಕಾಂಗೋದ ತೆಂಕಣ ಸೀಮೆಯಲ್ಲಿ, ಅದೇ ನಡುಬಿಂದು ಎಂದು ಅವರ ವಾದ. ನುಡಿಗಳ ನಡುವಿನ ವ್ಯತ್ಯಾಸ ಎಲ್ಲಿ ಅತಿ ಹೆಚ್ಚೋ ಅಲ್ಲೇ ಅವು ಹೆಚ್ಚು ಕಾಲ ಬಾಳಿರಬೇಕು ಎಂಬ ಗ್ರೀನ್‌ಬರ್ಗ್ ತರ್ಕವೇ ಕೊನೆಗೆ ನಿಂತಿತು. ಆ ಕ್ಯಾಮರೂನ್ ಗಡಿಯ ತವರಿನಿಂದ ದಕ್ಷಿಣ ಆಫ್ರಿಕಾದ ಲಿಂಪೊಪೊ ಸೀಮೆ ಮುಟ್ಟಲು ಹಿಡಿದ ಕಾಲ ಎರಡೂವರೆ–ಮೂರು ಸಾವಿರ ವರ್ಷ, ಅಂದರೆ ನೂರು ತಲೆಮಾರು. ಇಷ್ಟರಲ್ಲಿ ಯಾವ ಒಂದು ತಲೆಮಾರೂ ‘ನಾವು ದಕ್ಷಿಣಕ್ಕೆ ವಲಸೆ ಹೊರಟಿದ್ದೇವೆ’ ಎಂದುಕೊಂಡಿರಲಾರದು. ಕಾಡು ಕಡಿದು, ಸುಟ್ಟು, ಬೂದಿಯಲ್ಲಿ ಬಿತ್ತಿ, ನೆಲ ಸೋತಾಗ ಪಕ್ಕದ ಕಾಡಿಗೆ ಹೋಗುವುದು ಅವರ ಬೇಸಾಯ. ಇದಕ್ಕೆ ನಮ್ಮ ಘಟ್ಟದವರ ಪದ ‘ಕುಮರಿ’ ಹೇಳಿ ಮಾಡಿಸಿದಂತಿದೆ. ಕುಮರಿ ಮಾಡುವವರು ಎರಡು ಮೈಲಿ ಸರಿದರೆ ಅದನ್ನು ಯಾರೂ ವಲಸೆ ಎನ್ನುವುದಿಲ್ಲ. ಅಂಥ ಸರಿತಗಳ ಸಾಲನ್ನು ನೂರು ತಲೆಮಾರಾದ ಮೇಲೆ ಭೂಪಟದಲ್ಲಿ ನೋಡಿದ ನಮಗೆ ಅದು ಬಾಣದ ಗುರುತಿನ ಹಾಗೆ ಕಾಣುತ್ತದೆ.

ಅದೂ ಒಂದೇ ಸಮನೆ ಮುಂದೆ ಹೋದದ್ದಲ್ಲ. ಕಾಂಗೋ ಮಳೆಕಾಡಿನ ಸಾವಿರಕ್ಕೂ ಮಿಕ್ಕ ಇಂಗಾಲ–14 ಕಾಲಮಾನಗಳನ್ನು ಒಟ್ಟಿಗೆ ಇಟ್ಟು ನೋಡಿದ 2021ರ ಅಧ್ಯಯನದ ಪ್ರಕಾರ, ಕ್ರಿ.ಶ. 400ರಿಂದ 600ರ ನಡುವೆ ಆ ಕಾಡಿನ ಊರುಗಳು ದೊಡ್ಡ ಪ್ರಮಾಣದಲ್ಲಿ ಖಾಲಿಯಾದವು. ಹಲವು ಶತಮಾನ ಕಳೆದ ಮೇಲೆ ಮತ್ತೆ ಜನ ತುಂಬಿದರು, ಮಡಕೆಯ ಮಾದರಿಯೇ ಬೇರೆಯಾಯಿತು. ಇಂದು ಅಲ್ಲಿ ಕೇಳಿಬರುವ ನುಡಿಗಳು ಮೊದಲ ಸಲ ಬಂದವರವೋ ಎರಡನೆಯ ಸಲ ಬಂದವರವೋ ಎಂಬ ಪ್ರಶ್ನೆ ಅಲ್ಲಿಂದ ಎದ್ದಿದೆ. ಖಾಲಿಯಾದ ಊರಿಗೆ ನಮ್ಮ ಕಂದಾಯ ಇಲಾಖೆಯ ಕಡತಗಳಲ್ಲಿ ಒಂದು ಸೊಗಸಾದ ಪದ ಇದೆ: ‘ಬೇಚರಾಕ್’, ದೀಪ ಹಚ್ಚುವವರಿಲ್ಲದ ಗ್ರಾಮ. ಕರಡಿನಲ್ಲಿರುವ ‘ಜನವಸತಿರಹಿತ ನಿವೇಶನ’ದ ಜಾಗಕ್ಕೆ ‘ಬೇಚರಾಕ್ ಊರು’ ಹಾಕುವ ಆಸೆ ಇದೆ. ಅತಿಯಾಯಿತೇ?

ತವರಿನಲ್ಲೇ ಕಂಡ ಇನ್ನೊಂದು ಸೋಜಿಗ. ಕ್ಯಾಮರೂನಿನ ಶುಮ್ ಲಾಕಾ ಎಂಬ ಬಂಡೆಯಾಸರೆಯಲ್ಲಿ ನಾಲ್ವರು ಮಕ್ಕಳ ಮೂಳೆಗಳ ಡಿಎನ್‌ಎ ಓದಿದ ಫಲಿತಾಂಶ 2020ರಲ್ಲಿ ಬಂತು. ಇಬ್ಬರು ಸುಮಾರು ಎಂಟು ಸಾವಿರ ವರ್ಷ ಹಿಂದಿನವರು, ಇಬ್ಬರು ಮೂರು ಸಾವಿರ ವರ್ಷ ಹಿಂದಿನವರು. ಬಾಂಟು ತವರಿನ ನಟ್ಟನಡುವೆ ಮಣ್ಣಾದ ಇವರು ಇಂದಿನ ಬಾಂಟು ನುಡಿಯವರಿಗೆ ಹತ್ತಿರದ ನೆಂಟರಲ್ಲ. ಮಧ್ಯ ಆಫ್ರಿಕಾದ ಬೇಟೆಗಾರ ಜನರ ಕಡೆಗೇ ಅವರ ನಂಟು ಹೆಚ್ಚು. ಹಾಗೆಂದು ನುಡಿ ಮಾತ್ರ ಹರಡಿತು, ಜನ ಕದಲಲಿಲ್ಲ ಎನ್ನುವಂತೆಯೂ ಇಲ್ಲ. ಬಾಂಟು ನುಡಿಯವರಲ್ಲಿ ಪಶ್ಚಿಮದಿಂದ ದೂರ ಹೋದಷ್ಟೂ ತಳಿವೈವಿಧ್ಯ ಕಡಿಮೆಯಾಗುತ್ತ ಹೋಗುವುದು ಜನರೇ ಹಂತಹಂತವಾಗಿ ಸರಿದರೆಂಬುದಕ್ಕೆ ಗುರುತು. ದಾರಿಯಲ್ಲಿ ಸಿಕ್ಕವರ ಜೊತೆ ಬೆರೆತದ್ದೂ ನಿಜ. ಜುಲು, ಖೋಸಾ ನುಡಿಗಳಲ್ಲಿ ನಾವು ಲೊಚಗುಟ್ಟುವ ಸದ್ದಿನಂಥ ವ್ಯಂಜನಗಳಿವೆಯಲ್ಲ, ಅವು ಅಲ್ಲಿ ಮೊದಲಿದ್ದ ಖೋಯ್, ಸಾನ್ ಜನರ ನುಡಿಗಳಿಂದ ಬಂದವು.

ಮಡಕೆ, ಬೆಳೆ, ನುಡಿ, ಜನ ಇವು ನಾಲ್ಕೂ ಒಂದೇ ಗಾಡಿಯಲ್ಲಿ ಹೋಗಬೇಕೆಂದೇನಿಲ್ಲ. ನಮ್ಮ ರಾಗಿ ಪೂರ್ವ ಆಫ್ರಿಕಾದ ಎತ್ತರದ ಸೀಮೆಯದು, ಜೋಳ ಸೂಡಾನ್ ಕಡೆಯದು, ಸಜ್ಜೆ ಸಹಾರಾದ ತೆಂಕಣ ಅಂಚಿನದು. ಮುದ್ದೆ ಉಣ್ಣುವವರೆಲ್ಲ ಆಫ್ರಿಕಾದಿಂದ ವಲಸೆ ಬಂದವರೆಂದು ಇದನ್ನು ನೆಚ್ಚಿಕೊಂಡು ಯಾರಾದರೂ ಬರೆದರೆ ಸುಮ್ಮನಿರುತ್ತೇವೆಯೇ?

‘ಕಬ್ಬಿಣದ ಆಯುಧಗಳ ಬಲದಿಂದ’ ಎಂಬ ಮಾತನ್ನು ನಾನು ಹೊಡೆದುಹಾಕಿದ್ದೇನೆ, ಚರ್ಚೆಗೂ ಇಡುವುದಿಲ್ಲ. ಬಾಂಟು ನುಡಿಗಳಿಗೆಲ್ಲ ಸಾಮಾನ್ಯವಾದ ಅತಿ ಹಳೆಯ ಪದಗಳಲ್ಲಿ ಮೇಕೆ ಇದೆ, ಎಣ್ಣೆತಾಳೆ ಇದೆ, ಮಡಕೆ ಮಾಡುವ ಮಾತಿದೆ, ಕಬ್ಬಿಣ ಕಾಯಿಸುವ ಮಾತು ಇಲ್ಲ. ವಿಕ್ಟೋರಿಯಾ ಸರೋವರದ ಸುತ್ತ ಉರೇವೆ ಎಂಬ ಮಾದರಿಯ ಹಳೆಯ ಮಡಕೆಗಳ ಜೊತೆ ಕಬ್ಬಿಣ ಕಾಣಿಸುವುದು ಕ್ರಿ.ಪೂ. 500ರ ಆಸುಪಾಸಿನಲ್ಲಿ, ಆ ನುಡಿಗಳು ಹಬ್ಬತೊಡಗಿ ಬಹಳ ಕಾಲವಾದ ಮೇಲೆ.

‘ವಲಸೆ’ಗೆ ಇಷ್ಟು ಜಗ್ಗಾಡುವುದಕ್ಕೆ ಇನ್ನೊಂದು ಕಾರಣ ಇದೆ. ಡಚ್ಚರು 1652ರಲ್ಲಿ ಕೇಪ್‌ನಲ್ಲಿ ಇಳಿದ ಹೊತ್ತಿಗೇ ಉತ್ತರದಿಂದ ಕಪ್ಪು ಬೇಸಾಯಗಾರರೂ ‘ವಲಸೆ’ ಬರುತ್ತಿದ್ದರು, ನೆಲ ಖಾಲಿಯಿತ್ತು, ಇಬ್ಬರೂ ಹೊರಗಿನವರೇ ಎಂದು ದಕ್ಷಿಣ ಆಫ್ರಿಕಾದ ಶಾಲೆಗಳಲ್ಲಿ ದಶಕಗಟ್ಟಲೆ ಕಲಿಸಿದರು. ಭೂಮಿ ಕಿತ್ತುಕೊಂಡದ್ದಕ್ಕೆ ಅದೊಂದು ಸಮಜಾಯಿಷಿ. ಪುರಾತತ್ವದವರ ಗುದ್ದಲಿ ಅದನ್ನು ಸುಳ್ಳು ಮಾಡಿತು. ಲಿಂಪೊಪೊ ಸೀಮೆಯ ಸಿಲ್ವರ್ ಲೀವ್ಸ್ ಎಂಬಲ್ಲಿ ಬೇಸಾಯಗಾರರ ಮಡಕೆ ಸಿಕ್ಕಿರುವುದು ಕ್ರಿ.ಶ. ಮೂರು–ನಾಲ್ಕನೆಯ ಶತಮಾನದ ಹೊತ್ತಿನದು. ಅದೇ ದೇಶದ ಲಿಡೆನ್‌ಬರ್ಗ್ ಎಂಬಲ್ಲಿ ಸಿಕ್ಕ ಏಳು ಸುಟ್ಟಮಣ್ಣಿನ ತಲೆಗಳು ಕ್ರಿ.ಶ. 500ರ ಸುಮಾರಿನವು. ಸಾವಿರದ ಮುನ್ನೂರು ವರ್ಷ ಮುಂಚೆ ಒಕ್ಕಲು ಹೂಡಿದವರನ್ನು ಹಡಗಿನಲ್ಲಿ ಬಂದವರ ಸಾಲಿನಲ್ಲಿ ನಿಲ್ಲಿಸುವ ಪದ ನಮ್ಮ ಕೈಪಿಡಿಗೆ ಬೇಡ.

ಬದಲಿಗೆ? ‘ವಿಸ್ತರಣೆ’ ಎಂದರೆ ರಾಜ್ಯವಿಸ್ತರಣೆಯ ವಾಸನೆ ಹೊಡೆಯುತ್ತದೆ, ಯಾರೋ ಅರಸ ಆಜ್ಞೆ ಮಾಡಿದ ಹಾಗೆ. ‘ಪ್ರಸರಣ’ಕ್ಕೆ ಆಕಾಶವಾಣಿ, ‘ಹರಡುವಿಕೆ’ಗೆ ರೋಗ. ನನಗೆ ಮೆಚ್ಚುಗೆಯಾದದ್ದು ‘ಹಬ್ಬುಗೆ’. ಬಳ್ಳಿ ಹಬ್ಬುವಾಗ ಬೇರು ಇದ್ದಲ್ಲೇ ಇರುತ್ತದೆ, ಕುಡಿ ಮುಂದೆ ಹೋಗುತ್ತದೆ, ನಡುವೆ ಒಣಗಿದ ಕಡೆ ಒಣಗುತ್ತದೆ. ‘ಬಾಂಟು ನುಡಿಗಳ ಹಬ್ಬುಗೆ’ ಎಂದಿಟ್ಟಿದ್ದೇನೆ. ಹಬ್ಬಕ್ಕೂ ಇದಕ್ಕೂ ಗೊಂದಲವಾಗುತ್ತದೆ ಎಂದು ಒಬ್ಬ ಮೇಷ್ಟರು ಆಗಲೇ ಆಕ್ಷೇಪಿಸಿದ್ದಾರೆ.

‘ವಸಾಹತು’ ಬಗ್ಗೆ ಹೆಚ್ಚು ಬೇಡ. ಅದು ಡಚ್ಚರಿಗೆ, ಬ್ರಿಟಿಷರಿಗೆ ಮೀಸಲು. ಪುರಾತತ್ವದ ಸಾಮಾನ್ಯ ಅರ್ಥಕ್ಕೆ ‘ನೆಲೆ’ ಸಾಕು. ಆದರೆ ಬೋಟ್ಸ್‌ವಾನಾ, ದಕ್ಷಿಣ ಆಫ್ರಿಕಾಗಳ ಹಳೆಯ ಊರುಗಳಿಗೆ ಇನ್ನೂ ನಿಖರವಾದ ಪದ ನಮ್ಮಲ್ಲಿ ಇದೆ ಎನ್ನುವುದು ನನ್ನ ವಾದ. ಅಲ್ಲಿ ನಡುವೆ ದನದ ದೊಡ್ಡಿ, ಸುತ್ತ ಗುಡಿಸಲು, ದೊಡ್ಡಿಯ ನೆಲದಡಿ ಕಾಳು ತುಂಬುವ ಗುಂಡಿ. ಈ ವಿನ್ಯಾಸಕ್ಕೆ ಚಿತ್ರದುರ್ಗದ ಕಡೆಯ ‘ಹಟ್ಟಿ’ ಒಗ್ಗುತ್ತದೆ, ಏಕೆಂದರೆ ದನ ಕುರಿ ಕೂಡುವ ಜಾಗಕ್ಕೂ ಜನ ಇರುವ ಊರಿಗೂ ಅದೊಂದೇ ಪದ. ಆ ಗುಂಡಿ ನಮ್ಮ ‘ಹಗೇವು’. ಬೋಟ್ಸ್‌ವಾನಾದ ತೌತ್ಸ್ವೆ ಎಂಬಲ್ಲಿ ದೊಡ್ಡಿಯ ಸಗಣಿ ಸುಟ್ಟು ಗಾಜಿನಂತೆ ಗಟ್ಟಿಯಾದ ದಿಬ್ಬಗಳಿವೆ; ಅದರ ಮೇಲೆ ಒಂದೇ ಜಾತಿಯ ಹುಲ್ಲು ಬೆಳೆಯುವುದರಿಂದ ವಿಮಾನದಿಂದ ತೆಗೆದ ಚಿತ್ರಗಳಲ್ಲಿ ಅವು ಎದ್ದು ಕಾಣುತ್ತವೆ. ಬಳ್ಳಾರಿ ಸೀಮೆಯ ‘ಬೂದಿದಿಬ್ಬ’ಗಳೂ ಸುಟ್ಟ ಸಗಣಿಯವೇ. ಕಾಲ ಬೇರೆ, ಜನ ಬೇರೆ, ನಂಟೇನೂ ಇಲ್ಲ. ಪದವನ್ನು ಎರವಲು ಪಡೆದರೆ ನಂಟಿದೆ ಎಂದು ಓದುಗರು ತಪ್ಪು ತಿಳಿದಾರೇ ಎಂಬುದೊಂದೇ ನನ್ನ ಅಳುಕು.

ಕೊನೆಯ ಅಧ್ಯಾಯದಲ್ಲಿ ಉತ್ತರ ಕನ್ನಡದ ಸಿದ್ದಿಗಳ ಬಗ್ಗೆ ಎರಡು ಸಾಲಿವೆ, ಅಲ್ಲೂ ‘ವಲಸೆ ಬಂದರು’ ಎಂದೇ ಇದೆ. ಪೋರ್ಚುಗೀಸರು ಗೋವೆಗೆ ಗುಲಾಮರಾಗಿ ತಂದವರ ಸಂತತಿ ಅವರಲ್ಲಿ ಬಹಳ. ಅಲ್ಲಿ ‘ಹಿಡಿದು ತಂದರು’ ಎಂದು ತಿದ್ದಿದ್ದೇನೆ.

ಇನ್ನು ಕೇಳಬೇಕಾದ್ದು ಕಮ್ಮಾರಿಕೆಯ ಮಾತು. ಕರಗಿಸಿದ ಮೇಲೆ ಉಳಿಯುವ ಕಲ್ಮಷಕ್ಕೆ ‘ಕಿಟ್ಟ’, ಗಾಳಿಯೊತ್ತುವ ಚರ್ಮದ ಚೀಲಕ್ಕೆ ‘ತಿದಿ’ ಎಂದು ಹಾಕಿದ್ದೇನೆ. ತಿದಿಯ ಗಾಳಿಯನ್ನು ಕುಲುಮೆಯ ಹೊಟ್ಟೆಗೆ ಒಯ್ಯುವ ಸುಟ್ಟಮಣ್ಣಿನ ಕೊಳವೆ ಆಫ್ರಿಕಾದ ಅಗೆತಗಳಲ್ಲಿ ಹೆಜ್ಜೆಹೆಜ್ಜೆಗೂ ಸಿಗುತ್ತದೆ, ಕರಡಿನಲ್ಲಿ ಹದಿನೈದು ಕಡೆಯಾದರೂ ಬರುತ್ತದೆ. ‘ಊದುಗೊಳವೆ’ ಎಂದರೆ ಒಲೆ ಊದುವುದಾಗುತ್ತದೆ, ‘ತಿದಿಯ ಮೂತಿ’ ಎಂದರೆ ಚೀಲದ ತುದಿಯಾಗುತ್ತದೆ. ನಿಮ್ಮ ಕಡೆಯ ಕಮ್ಮಾರರು, ಅಕ್ಕಸಾಲಿಗರು ಇದನ್ನು ಏನೆನ್ನುತ್ತಾರೆ? ಯಾವ ಜಿಲ್ಲೆಯ ಮಾತೆಂಬುದನ್ನೂ ತಿಳಿಸಿ.