ಪದಚರ್ಚೆ: ಕ್ನೈಪ್ ಚಿತ್ರದ ಅಡಿಬರಹ: ‘ಗುಸ್’ಗೆ ಧಾರೆಯೋ, ಎರೆತವೋ?

ಮಿತ್ರರೇ,
ಜರ್ಮನಿಯ ಬವೇರಿಯದ ಪಾದ್ರಿ, ನೀರಿನ ಚಿಕಿತ್ಸೆಯ ಸೆಬಾಸ್ಟಿಯನ್ ಕ್ನೈಪ್ (1821–1897) ಅವರ ಜೀವನಚಿತ್ರಕ್ಕೆ (ಸಿನಿಮಾ) ಕನ್ನಡ ಅಡಿಬರಹ (ಸಬ್‌ಟೈಟಲ್) ಆಗಬೇಕಿದೆ. ವೋರಿಸ್‌ಹೋಫೆನ್ (ಅವರು ಚಿಕಿತ್ಸೆ ನಡೆಸಿದ ಊರು) ದೃಶ್ಯಗಳ ತುಂಬ ‘ಗುಸ್’ ಎಂಬ ಮಾತು: ಮೊಣಕಾಲಿಗೆ, ತೋಳಿಗೆ, ಬೆನ್ನಿಗೆ ತಣ್ಣೀರು ಹೊಯ್ಯುವುದು. ಕರಡಿನಲ್ಲಿ ‘ಕಟಿಸ್ನಾನ’ ಎಂದಿದೆ. ನಾಳೆ ಬೆಳಿಗ್ಗೆಯೇ ಕಡತ ಕೊಡಬೇಕು, ಚಿಕ್ಕ ಪದ ಹೇಳಿ.

---
ಕಟಿಸ್ನಾನ ಲೈಪ್‌ಜಿಗ್‌ನ ನೀರಿನ ಚಿಕಿತ್ಸಕ ಲೂಯಿ ಕೂನೆಯದು, ತೊಟ್ಟಿಯಲ್ಲಿ ಕೂತು ಮಾಡುವುದು. ತೆಗೆದುಹಾಕಿ. ‘ಮೊಣಕಾಲು ಧಾರೆ’ ಎನ್ನಿ. ಶಿರೋಧಾರೆ ಎಲ್ಲರಿಗೂ ಗೊತ್ತು.

---
> ‘ಮೊಣಕಾಲು ಧಾರೆ’ ಎನ್ನಿ
ಧಾರೆ ಎಂದರೆ ಮದುವೆ ಮಂಟಪ. ಜರ್ಮನ್ ‘ಗುಸ್’ಗೆ ಹೊಯ್ಯುವುದು, ಲೋಹದ ಎರಕ ಎರಡೂ ಅರ್ಥ. ನಮ್ಮ ನೀರೆರೆ, ಎರಕ ಕೂಡ ಒಂದೇ ಬೇರಿನವು. ‘ಎರೆತ’ ಎನ್ನಿ, ಮುಗಿಯಿತು. ಮನೆಯಲ್ಲಿ ತಲೆಗೆ ಎರೆದುಕೊಳ್ಳುವವರಿಗೆ ಸಂಸ್ಕೃತದ ಸಾಲ ಏಕೆ?

---
ಪದಕ್ಕೆ ಮೊದಲು ಮೊಣಕಾಲಿನ ಗುಸ್ ಮಾಡುವ ಕ್ರಿಯೆ ನೋಡಿ. ಬಲಪಾದದ ಕಿರುಬೆರಳಿನಿಂದ ಶುರು. ಮೀನಖಂಡದ ಹೊರಬದಿಯಲ್ಲಿ ಮೇಲಕ್ಕೆ, ಮೊಣಕಾಲ ಹಿಂದಿನ ಕುಳಿಯಿಂದ ಒಂದು ಅಂಗೈ ಅಗಲ ಮೇಲಿನವರೆಗೆ. ಅಲ್ಲಿ ತುಸು ತಡೆದು ಒಳಬದಿಯಲ್ಲಿ ಕೆಳಕ್ಕೆ. ಆಮೇಲೆ ಎಡಗಾಲು. ನೀರು ರಭಸವಾಗಿ ಬಡಿಯಬಾರದು, ಚರ್ಮಕ್ಕೆ ಹೊದಿಕೆಯಂತೆ ಅಂಟಿಕೊಂಡು ಇಳಿಯಬೇಕು. ಕೊಳವೆ ಮುಕ್ಕಾಲು ಇಂಚಿನದು, ಬಾಯಿ ಮೇಲೆ ಮಾಡಿದರೆ ನೀರು ಅಂಗೈ ಅಗಲದಷ್ಟೇ ಏಳಬೇಕು. ಹಾಗಾಗಿ ‘ಸಿಂಪಡಿಸು’, ‘ಚಿಮುಕಿಸು’ ಬೇಡವೇ ಬೇಡ. ಪಾದ ತಣ್ಣಗಿದ್ದರೆ ಈ ಚಿಕಿತ್ಸೆಯೇ ಇಲ್ಲ, ಮೊದಲು ನಡೆದು ಬೆಚ್ಚಗಾಗಬೇಕು. ಮುಗಿದ ಮೇಲೆ ಟವಲ್ ಇಲ್ಲ. ಕೈಯಿಂದ ನೀರು ಸವರಿ ತೆಗೆದು, ಉಣ್ಣೆಯ ಕಾಲುಚೀಲ ಹಾಕಿ ನಡೆಯುವುದು.
ಶಿರೋಧಾರೆ ಹಣೆಯ ಮೇಲೆ ಎಳೆಯಾಗಿ ಬೀಳುವ ಎಣ್ಣೆ. ಇದು ಅದಲ್ಲ. ‘ಎರೆತ’ ಎಂದರೆ ಕ್ರಿಯೆಗೆ ಒಪ್ಪುತ್ತದೆ, ಆದರೆ ಮಣ್ಣಿನ ಪಟ್ಟಿಯೂ ಇರುವ ಪ್ರಕೃತಿ ಚಿಕಿತ್ಸೆಯಲ್ಲಿ ಓದುಗರಿಗೆ ಎರೆಮಣ್ಣು ನೆನಪಾದರೆ ಅಚ್ಚರಿಯಿಲ್ಲ.

---
> ಎರೆಮಣ್ಣು ನೆನಪಾದರೆ
ಓದುಗರು ಅಷ್ಟು ದಡ್ಡರಲ್ಲ.

---
> ಸಂಸ್ಕೃತದ ಸಾಲ ಏಕೆ
‘ಲೋಹ’, ‘ಅರ್ಥ’, ‘ಮಂಟಪ’ ಎಲ್ಲಿಂದ ಬಂದವು ಸ್ವಾಮಿ? ಮೊದಲು ನಿಮ್ಮ ಓಲೆ ತೊಳೆಯಿರಿ.

---
ಬಂದು ನೆಲೆಸಿದ ಪದದ ಮಾತಲ್ಲ, ಈಗ ಹೊಸದಾಗಿ ತರುವುದರ ಮಾತು. ನಿಮಗೆ ಎಷ್ಟು ಹೇಳಿದರೂ ಅಷ್ಟೇ.

---
ಜಗಳ ಆಮೇಲಾಗಲಿ. ‘ಮೊಣಕಾಲಿಗೆ ನೀರೆರೆತ’ ಎಂದು ಹಾಕುತ್ತೇನೆ. ಮೈಗೆ ಒದ್ದೆಬಟ್ಟೆ ಸುತ್ತುವ ‘ವಿಕೆಲ್’ಗೆ ‘ಒದ್ದೆಪಟ್ಟಿ’ ಸಾಕೇ?

---
ಸಾಲದು. ಒಳಗೆ ಒದ್ದೆ ನಾರುಬಟ್ಟೆ (ಲಿನನ್), ಅದರ ಮೇಲೆ ಒಣ ಹತ್ತಿಬಟ್ಟೆ, ಹೊರಗೆ ಉಣ್ಣೆ, ಮೂರು ಸುತ್ತು. ಸಡಿಲವಾಗಿ ಗಾಳಿ ನುಗ್ಗಿದರೆ ಮೈ ಬೆಚ್ಚಗಾಗುವ ಬದಲು ನಡುಗುತ್ತದೆ. ‘ಸುತ್ತುಪಟ್ಟಿ’ ಎನ್ನಿ.