ಅಪ್‌ಡೇಟ್: ಚಾರ್ಜ್ ಇದ್ದರೂ ಆಫ್ ಆಗುತ್ತಿದ್ದ ಟ್ಯಾಬ್ಲೆಟ್ ಸರಿಹೋಯಿತು

ಬ್ಯಾಟರಿ 35% ತೋರಿಸುತ್ತಿರುವಾಗಲೇ ನನ್ನ ಹಳೇ ಟ್ಯಾಬ್ಲೆಟ್ ದಿಢೀರ್ ಅಂತ ಆಫ್ ಆಗುತ್ತದೆ ಎಂದು ಕೇಳಿದ್ದೆ, ನೆನಪಿದೆ ಅಲ್ವಾ? ಕಾರಣ ಸಿಕ್ಕಿತು. ಬ್ಯಾಟರಿಯೇ ಸೋತಿತ್ತು.

ಸೇಫ್ ಮೋಡ್‌ನಲ್ಲೂ (ನಾವು ಹಾಕಿಕೊಂಡ ಆ್ಯಪ್‌ಗಳು ಓಡದಂತೆ ಟ್ಯಾಬ್ಲೆಟ್ ಆನ್ ಮಾಡುವ ವಿಧಾನ) ಆಫ್ ಆಯಿತು, ಹಾಗಾಗಿ ಆ್ಯಪ್‌ಗಳ ಮೇಲಿನ ಅನುಮಾನ ಹೋಯಿತು. ಸುಳಿವು ಕೊಟ್ಟಿದ್ದು ಕ್ಯಾಮೆರಾ. ಬ್ರೈಟ್‌ನೆಸ್ ಪೂರ್ತಿ ಏರಿಸಿ ಕ್ಯಾಮೆರಾ ತೆರೆದರೆ ಸಾಕು, ಪರದೆ ಕಪ್ಪಾಗುತ್ತಿತ್ತು. ಚಾರ್ಜರ್ ಹಾಕಿಟ್ಟು ಅದೇ ಕೆಲಸ ಮಾಡಿದರೆ ಏನೂ ಆಗುತ್ತಿರಲಿಲ್ಲ.

ಲಿಥಿಯಂ ಅಯಾನ್ ಬ್ಯಾಟರಿ ಹಳೆಯದಾದಂತೆ ಒಳಗಿನ ರೆಸಿಸ್ಟೆನ್ಸ್, ಅಂದರೆ ಕರೆಂಟ್ ಹರಿಯಲು ಇರುವ ಅಡ್ಡಿ, ಜಾಸ್ತಿಯಾಗುತ್ತದೆ. ಒಮ್ಮೆಲೇ ಹೆಚ್ಚು ಕರೆಂಟ್ ಎಳೆದಾಗ ವೋಲ್ಟೇಜ್ ಕುಸಿಯುತ್ತದೆ. ತೀರಾ ಕೆಳಗಿಳಿದರೆ ಟ್ಯಾಬ್ಲೆಟ್ ತಾನಾಗಿಯೇ ಆಫ್ ಆಗುತ್ತದೆ. ಪರ್ಸೆಂಟ್ ಅನ್ನೋದು ಒಂದು ಅಂದಾಜು ಅಷ್ಟೇ. ಪೂರ್ತಿ ಖಾಲಿ ಮಾಡಿ, ಮತ್ತೆ ಪೂರ್ತಿ ಚಾರ್ಜ್ ಮಾಡಿ ಎಂದು ಕೆಲವರು ಹೇಳಿದ್ದಿರಿ. ಮಾಡಿ ನೋಡಿದೆ, ಆಫ್ ಆಗುವುದು ನಿಲ್ಲಲಿಲ್ಲ.

ಕೊನೆಗೆ ಬ್ಯಾಟರಿ ಬದಲಾಯಿಸಿದೆ. ಹಳೆಯದು ಒಂದು ಬದಿಯಲ್ಲಿ ಸ್ವಲ್ಪ ಉಬ್ಬಿತ್ತು. ನಿಮ್ಮ ಟ್ಯಾಬ್ಲೆಟ್‌ನ ಪರದೆ ಅಂಚಿನಲ್ಲಿ ಮೇಲೆದ್ದಂತೆ ಕಂಡರೆ ದಯವಿಟ್ಟು ಬಳಸಬೇಡಿ, ಚಾರ್ಜ್‌ಗೂ ಹಾಕಬೇಡಿ. ಬೆಂಕಿ ಹತ್ತುವ ಅಪಾಯವಿದೆ.

ಈಗ 5% ಇದ್ದಾಗಲೂ ಕ್ಯಾಮೆರಾ ಆರಾಮಾಗಿ ಓಡುತ್ತಿದೆ. ಚಾರ್ಜರ್ ಹಾಕಿ ಪರೀಕ್ಷಿಸಿ ಅಂದವರಿಗೆ ತುಂಬಾ ಥ್ಯಾಂಕ್ಸ್.