ಗೋಳಿಮರದ ವಯಸ್ಸನ್ನು ಫಲಕದಲ್ಲಿ ಬರೆಯುವುದು ಹೇಗೆ?

ಪ್ರಶ್ನೆ (ಉಡುಪಿಯಿಂದ)

ನಮ್ಮ ವಾರ್ಡಿನ ತಿರುವಿನಲ್ಲಿರುವ ಗೋಳಿಮರವೇ (ಆಲದ ಮರ) ಈ ಭಾಗದ ಗುರುತು. ರಿಕ್ಷಾದವರಿಗೆ ‘ಗೋಳಿಕಟ್ಟೆ’ ಎಂದರೆ ಸಾಕು, ಬೇರೆ ವಿಳಾಸ ಬೇಕಾಗುವುದಿಲ್ಲ. ವಿದೇಶದಲ್ಲಿ ಹಳೆಯ ಓಕ್ ಮರವೊಂದರ ಮುಂದೆ ವಯಸ್ಸು ಬರೆದ ಫಲಕ ಕಂಡ ನನ್ನ ಮಗ, ಇಲ್ಲಿಯೂ ಒಂದನ್ನು ಹಾಕಿಸೋಣ ಎನ್ನುತ್ತಿದ್ದಾನೆ. ಹಿರಿಯರಲ್ಲಿ ಕೆಲವರು 200 ವರ್ಷ ಎನ್ನುತ್ತಾರೆ, ಕೆಲವರು 400. ನಿಜವಾದ ವಯಸ್ಸನ್ನು ತಿಳಿಯುವ ಕ್ರಮವೇನು? ರಸ್ತೆ ಅಗಲಗೊಳಿಸುವಾಗ ಫಲಕದಿಂದ ಮರಕ್ಕೆ ರಕ್ಷಣೆ ಸಿಗುವುದೇ?

ಉತ್ತರ 1

ಓಕ್ ಚಳಿನಾಡಿನ ಮರ. ಚಳಿಗಾಲದಲ್ಲಿ ಬೆಳವಣಿಗೆ ನಿಲ್ಲುವುದರಿಂದ ಕಾಂಡದೊಳಗೆ ವರ್ಷಕ್ಕೊಂದು ಉಂಗುರ ಸ್ಪಷ್ಟವಾಗಿ ಮೂಡುತ್ತದೆ. ಕಾಂಡದಿಂದ ಪೆನ್ಸಿಲಿನಷ್ಟು ತೆಳುವಾದ ತುಣುಕನ್ನು ಕೊರೆದು ತೆಗೆದು, ಮರ ಕಡಿಯದೆಯೇ ಎಣಿಸಬಹುದು. ನಮ್ಮ ತೇಗದಲ್ಲಿಯೂ ಉಂಗುರಗಳಿವೆ. ಗೋಳಿಯಲ್ಲಿ ಅವು ಅಷ್ಟು ನೆಚ್ಚುವಂತಿರುವುದಿಲ್ಲ. ಸುತ್ತಳತೆಯೂ ಮೋಸ ಮಾಡುತ್ತದೆ, ಏಕೆಂದರೆ ಹಕ್ಕಿ ಹಾಕಿದ ಬೀಜ ತಾಳೆಯಂಥ ಇನ್ನೊಂದು ಮರದ ಮೇಲೆ ಮೊಳೆತು, ಆ ಮರವನ್ನೇ ಸುತ್ತಿಕೊಂಡು ಬೆಳೆದಿರಬಹುದು. ನೆಲ ಮುಟ್ಟಿದ ಬಿಳಲುಗಳು ಕಾಲಕ್ರಮದಲ್ಲಿ ಕಾಂಡಗಳೇ ಆಗಿಬಿಡುತ್ತವೆ. ಬೆಂಗಳೂರಿನ ಬಳಿ ಕೇತೋಹಳ್ಳಿಯ ದೊಡ್ಡ ಆಲದ ಮರದ ಮೂಲ ಕಾಂಡ ರೋಗದಿಂದ ಅಳಿದಿದ್ದರೂ ಮರ ಸುಮಾರು ಮೂರು ಎಕರೆಯಲ್ಲಿ ಹಬ್ಬಿ ನಿಂತಿದೆ.

ಆದ್ದರಿಂದ ಮರವನ್ನು ಬಿಟ್ಟು ಕಾಗದವನ್ನು ಹುಡುಕಿ. ಸುತ್ತಲಿನ ಮನೆಗಳ ಹಳೆಯ ಮೂಲಗೇಣಿ ಚೀಟು (ಶಾಶ್ವತ ಗೇಣಿಯ ಪತ್ರ), ಕ್ರಯಪತ್ರಗಳ ಚಕ್ಕುಬಂದಿಯಲ್ಲಿ (ನಾಲ್ಕು ದಿಕ್ಕಿನ ಗಡಿಗಳ ವಿವರದಲ್ಲಿ) ಗಡಿಗುರುತಾಗಿ ಈ ಗೋಳಿಯ ಹೆಸರಿದ್ದರೆ, ‘ಇಂಥ ವರ್ಷಕ್ಕಿಂತ ಮೊದಲೇ ಇದ್ದ ಮರ’ ಎಂದು ಧೈರ್ಯವಾಗಿ ಬರೆಯಬಹುದು.

ಉತ್ತರ 2

ಫಲಕಕ್ಕೆ ಕಾನೂನಿನ ಬಲವಿಲ್ಲ. 1976ರ ಕರ್ನಾಟಕ ವೃಕ್ಷ ಸಂರಕ್ಷಣಾ ಕಾಯ್ದೆಯಂತೆ ನಗರದಲ್ಲಿ ಮರ ಕಡಿಯಲು ವೃಕ್ಷ ಅಧಿಕಾರಿಯ ಅನುಮತಿ ಬೇಕು. ಆಕ್ಷೇಪಣೆಯನ್ನು ಅವರಿಗೇ ಲಿಖಿತವಾಗಿ ಕೊಡಿ. 2002ರ ಜೀವವೈವಿಧ್ಯ ಕಾಯ್ದೆಯ 37ನೆಯ ಕಲಮಿನಡಿ ರಾಜ್ಯ ಸರಕಾರವು ಪಾರಂಪರಿಕ ತಾಣಗಳನ್ನು ಘೋಷಿಸಬಹುದು. ದೇವನಹಳ್ಳಿಯ ನಲ್ಲೂರಿನ ಹುಣಸೆ ತೋಪಿಗೆ 2007ರಲ್ಲಿ ಆ ಮಾನ್ಯತೆ ದೊರೆಯಿತು. ಆದರೆ ಅದು ತೋಪು, ನಿಮ್ಮದು ಒಂಟಿ ಮರ. ಹೆಚ್ಚು ಆಸೆ ಬೇಡ.

ಉತ್ತರ 3

ಫಲಕಕ್ಕಿಂತ ಮೊದಲು ಕಟ್ಟೆಯನ್ನು ನೋಡಿ. ಕಲ್ಲಿನ ಹಳೆಯ ಕಟ್ಟೆಗಳ ಸಂದುಗಳಲ್ಲಿ ನೀರು, ಗಾಳಿ ಇಳಿಯುತ್ತಿದ್ದವು; ಈಗ ಬುಡದವರೆಗೆ ಕಾಂಕ್ರೀಟು ಸುರಿದು, ಅದರ ಮೇಲೆ ಟೈಲ್ಸ್ ಹಾಕಿ ‘ಅಭಿವೃದ್ಧಿ’ ಎನ್ನುತ್ತಾರೆ. ದೆಹಲಿಯಲ್ಲಿ ಮರಗಳ ಸುತ್ತ ಒಂದು ಮೀಟರಿನಷ್ಟು ಕಾಂಕ್ರೀಟನ್ನು ತೆಗೆಯುವಂತೆ ರಾಷ್ಟ್ರೀಯ ಹಸಿರು ನ್ಯಾಯಮಂಡಳಿ 2013ರಲ್ಲಿ ಆದೇಶಿಸಿತ್ತು. ಕಾಂಡಕ್ಕೆ ಮೊಳೆ ಹೊಡೆದು ಫಲಕ ತೂಗುಹಾಕುವುದಂತೂ ಖಂಡಿತ ಬೇಡ.

ಪ್ರಶ್ನೆ ಕೇಳಿದವರು

ಎಲ್ಲರಿಗೂ ವಂದನೆಗಳು. ಅಜ್ಜನ ಕಾಲದ ಚೀಟುಗಳು ಪೆಟ್ಟಿಗೆಯಲ್ಲಿವೆ, ಈ ಭಾನುವಾರ ತೆರೆದು ಚಕ್ಕುಬಂದಿಯನ್ನು ಓದುತ್ತೇನೆ. ಕಟ್ಟೆಗೆ ಕಳೆದ ವರ್ಷ ಟೈಲ್ಸ್ ಹಾಕಿಸಲು ಚಂದಾ ಎತ್ತಿದವರಲ್ಲಿ ನಾನೂ ಒಬ್ಬ.